ಬಿದ್ದ ಮೇಲಿನ ನೋಟ: ಮೂಕಚಿತ್ರದ ಹಾಸ್ಯ ಮತ್ತು ಘಟಪ್ರಭೆಯ ದಂಡೆಯ ನಕಲಿ



ಈ ದತ್ತಿ ಉಪನ್ಯಾಸ ಯಾರ ನೆನಪಿಗೆ ಇದೆಯೋ ಆ ಹಿರಿಯರು ಸುಗ್ಗಿ ಮುಗಿಯುತ್ತಲೇ ಬುತ್ತಿ ಕಟ್ಟಿಕೊಂಡು, ಹೆಗಲ ಮೇಲೆ ಕಂಬಳಿ ಹಾಕಿಕೊಂಡು, ಬಯಲಾಟ ನೋಡಲು ಊರೂರು ತಿರುಗಿದವರು ಎಂದು ಅವರ ಮನೆಯವರು ನನಗೆ ಹೇಳಿದರು. ಶ್ರೀಕೃಷ್ಣ ಪಾರಿಜಾತ ಎಂಬ ಆಟದ ಪದಗಳು ಅವರ ಬಾಯಲ್ಲಿ ಇದ್ದವಂತೆ. ಆದರೆ ಮನೆಯ ಮಕ್ಕಳಿಗೆ ಅವರು ಮತ್ತೆ ಮತ್ತೆ ಮಾಡಿ ತೋರಿಸುತ್ತಿದ್ದುದು ನಕಲಿ ಮಾಡಿ ನಗಿಸುವವನು ಎಡವಿ ಬೀಳುವ ಚಂದವನ್ನು. ಆ ಮಾತು ಕೇಳಿದ ದಿನವೇ ನನ್ನ ಇಂದಿನ ವಿಷಯ ಗಟ್ಟಿಯಾಯಿತು. ಮಾತಿಲ್ಲದೆ ಮೈಯಿಂದ ನಗಿಸುವ ಕಲೆಯ ಬಗ್ಗೆ ಮಾತಾಡುತ್ತೇನೆ. ಜಗತ್ತಿಗೆ ಆ ಕಲೆ ಗೊತ್ತಾದದ್ದು ನೂರು ವರ್ಷದ ಹಿಂದಿನ ಮೂಕ ಕಿರುಚಿತ್ರಗಳಿಂದ. ಘಟಪ್ರಭೆಯ ದಂಡೆಯ ನಮ್ಮ ಸೀಮೆಗೆ ಅದು ಗೊತ್ತಾದದ್ದು ಆಟದ ಅಂಗಳದಿಂದ.

1

ನಮ್ಮ ಕಡೆ ಆಟದಲ್ಲಿ ನಗಿಸುವವನಿಗೆ ‘ನಕಲಿ’ ಎನ್ನುತ್ತೇವೆ. ದೊಡ್ಡಾಟದಲ್ಲಿ ಆ ಕೆಲಸ ಸಾರಥಿಯದು. ಶ್ರೀಕೃಷ್ಣ ಪಾರಿಜಾತದಲ್ಲಿ ಭಾಗವತನೂ ದೂತಿಯೂ ಮಾತಿಗೆ ಮಾತು ಪೋಣಿಸಿ ನಗೆಯ ಬುಗ್ಗೆ ಎಬ್ಬಿಸುತ್ತಾರೆ. ಅಪರಾಳ ತಮ್ಮಣ್ಣ ಬರೆದ ಪಾರಿಜಾತವನ್ನು ಆಟದ ಅಂಗಳಕ್ಕೆ ಹೊಂದಿಸಿ ಬೆಳೆಸಿದವರು ಇಂದಿನ ಮೂಡಲಗಿ ತಾಲೂಕಿನ ಕುಲಗೋಡದ ತಮ್ಮಣ್ಣನವರು. ಅದನ್ನು ಊರೂರಿಗೆ ಒಯ್ದು ಮನೆಮಾತಾಗಿಸಿದವರು ಇದೇ ಸೀಮೆಯ ಕೌಜಲಗಿ ನಿಂಗಮ್ಮನವರು. ಪಾರಿಜಾತದಂಥ ಸಣ್ಣಾಟದ ತವರುಮನೆಗಳಲ್ಲಿ ಒಂದು ಈ ನೆಲ. ಹಾಗೆಂದಮೇಲೆ ನಗಿಸುವವನ ತವರೂ ಇದೇ.

ನನಗೆ ಎಂಟೊಂಬತ್ತು ವರ್ಷವಿದ್ದಾಗಿನ ಒಂದು ಜಾತ್ರೆಯ ರಾತ್ರಿ ಇವತ್ತಿಗೂ ಕಣ್ಣಿಗೆ ಕಟ್ಟಿದಂತಿದೆ. ಗ್ಯಾಸ್‌ಬತ್ತಿಯ ಸುಂಯ್ ಎನ್ನುವ ಸದ್ದು, ದಪ್ಪಿನ ಪೆಟ್ಟು, ಹಾರ್ಮೋನಿಯಂ. ಸತ್ಯಭಾಮೆಯ ಮುನಿಸು ಏರಿ ನಿಂತಿತ್ತು. ಆ ಹೊತ್ತಿಗೆ ನಕಲಿ ಮಾಡುವವನು ತಲೆಯ ಮೇಲೆ ತುಂಬಿದ ಕೊಡ ಹೊತ್ತವನಂತೆ, ಕೊಡವೇ ಇಲ್ಲದೆ, ತೂಗಾಡುತ್ತ ಬಂದ. ಕಾಣದ ಕೊಡದಿಂದ ಕಾಣದ ನೀರು ಚೆಲ್ಲಿತು. ತಾನು ಚೆಲ್ಲಿದ ನೀರಿನಲ್ಲಿ ತಾನೇ ಜಾರಿದ. ಎರಡೂ ಕಾಲು ಮುಗಿಲಿಗೆ ಹೋದವು, ಬೆನ್ನು ನೆಲಕ್ಕೆ ಬಂತು, ದಪ್ಪಿನವನು ಅದೇ ಗಳಿಗೆಗೆ ‘ಧಡ್’ ಎಂದು ಬಾರಿಸಿದ. ನಕಲಿ ಏಳಲಿಲ್ಲ. ಮಲಗಿದಲ್ಲಿಂದಲೇ ಕುತ್ತಿಗೆ ಹೊರಳಿಸಿ ನಮ್ಮ ಕಡೆ ನೋಡಿದ. ಅಷ್ಟೊತ್ತೂ ತಡೆದಿದ್ದ ನನ್ನ ಅಜ್ಜಿ ಆಗ ಹೊಟ್ಟೆ ಹಿಡಿದುಕೊಂಡು ನಕ್ಕಳು. ಅವನು ಬಿದ್ದಾಗ ನಗೆ ಶುರುವಾಗಿತ್ತು. ಅವನು ನೋಡಿದಾಗ ಅದು ಕಟ್ಟೆ ಒಡೆಯಿತು.

ಮುಂದೆ ಕಾಲೇಜಿನಲ್ಲಿ ಗೋಡೆಗೆ ಕಟ್ಟಿದ ಬಿಳಿ ಬಟ್ಟೆಯ ಮೇಲೆ ಚಾರ್ಲಿ ಚಾಪ್ಲಿನ್ನನ ಕಿರುಚಿತ್ರ ನೋಡಿದೆ. ಅವನೂ ಬಿದ್ದ, ಬಿದ್ದವನು ನನ್ನ ಕಡೆ ನೋಡಿದ. ಇವನನ್ನು ನಾನು ಮೊದಲೇ ಬಲ್ಲೆ ಎಂದು ಆ ಕತ್ತಲೆಯಲ್ಲಿ ಅನಿಸಿತು. ಆ ಅನಿಸಿಕೆ ಸುಳ್ಳಲ್ಲ ಎಂದು ಈ ಹೊತ್ತಿನಲ್ಲಿ ನಿಮ್ಮೆದುರು ತೋರಿಸಬೇಕಾಗಿದೆ.

2

ಸಿನೆಮಾ ಹುಟ್ಟಿದ ದಿನವೇ ಅದರ ಜೊತೆ ನಗೆಯೂ ಹುಟ್ಟಿತು. 1895ರ ಡಿಸೆಂಬರ್ 28ರಂದು ಪ್ಯಾರಿಸಿನಲ್ಲಿ ಲ್ಯೂಮಿಯೇರ್ ಸಹೋದರರು ಹಣ ಕೊಟ್ಟು ಬಂದ ಜನರಿಗೆ ಹತ್ತು ತುಣುಕು ಚಿತ್ರಗಳನ್ನು ತೋರಿಸಿದರು. ಅದರಲ್ಲೊಂದು ಒಂದು ನಿಮಿಷಕ್ಕೂ ಕಡಿಮೆಯದು. ತೋಟದವನೊಬ್ಬ ಪೈಪು ಹಿಡಿದು ಗಿಡಗಳಿಗೆ ನೀರು ಬಿಡುತ್ತಿದ್ದಾನೆ. ಹಿಂದಿನಿಂದ ಬಂದ ಹುಡುಗ ಪೈಪನ್ನು ತುಳಿಯುತ್ತಾನೆ. ನೀರು ನಿಲ್ಲುತ್ತದೆ. ತೋಟದವನು ಪೈಪಿನ ಬಾಯೊಳಗೆ ಇಣುಕುತ್ತಾನೆ. ಹುಡುಗ ಕಾಲು ತೆಗೆಯುತ್ತಾನೆ, ನೀರು ಮುಖಕ್ಕೆ ಚಿಮ್ಮುತ್ತದೆ. ಕಬ್ಬಿಗೆ ನೀರು ಹಾಯಿಸುವ ನಮ್ಮ ಊರುಗಳಲ್ಲಿ ಈ ಚೇಷ್ಟೆ ಮಾಡದೆ ಬೆಳೆದ ಹುಡುಗರು ಎಷ್ಟು ಮಂದಿ ಇದ್ದಾರು?

ಈ ತುಣುಕಿನ ಕೊನೆಯನ್ನು ಗಮನವಿಟ್ಟು ನೋಡಬೇಕು. ಹುಡುಗ ಓಡುತ್ತಾನೆ, ತೋಟದವನು ಹಿಡಿಯುತ್ತಾನೆ. ಆದರೆ ಹಿಡಿದಲ್ಲೇ ಬಡಿಯುವುದಿಲ್ಲ. ಕ್ಯಾಮರಾದ ಎದುರಿಗೆ, ನಾವು ಕೂತಿರುವಲ್ಲಿಗೆ, ಎಳೆದು ತಂದು ಬಡಿಯುತ್ತಾನೆ. ನೋಡುವವರಿಲ್ಲದೆ ಈ ನಗೆ ಇಲ್ಲ ಎಂಬುದು ಸಿನೆಮಾಕ್ಕೆ ಅದರ ಮೊದಲ ದಿನವೇ ತಿಳಿದಿತ್ತು.

ಇಂಥ ಹಾಸ್ಯಕ್ಕೆ ಇಂಗ್ಲಿಷಿನವರು ಇಟ್ಟ ಹೆಸರು ಸ್ಲ್ಯಾಪ್‌ಸ್ಟಿಕ್. ಅದು ಒಂದು ಕೋಲಿನ ಹೆಸರು. ಇಟಲಿಯ ಹಳೆಯ ಬೀದಿ ನಾಟಕಗಳಲ್ಲಿ ವಿದೂಷಕರು ಎರಡು ತೆಳು ಹಲಗೆಗಳನ್ನು ಒಂದು ತುದಿಯಲ್ಲಿ ಜೋಡಿಸಿದ ಕೋಲು ಹಿಡಿಯುತ್ತಿದ್ದರು. ಅದರಿಂದ ಹೊಡೆದರೆ ಹಲಗೆಗೆ ಹಲಗೆ ಬಡಿದು ಸದ್ದು ದೊಡ್ಡದಾಗುತ್ತದೆ, ಪೆಟ್ಟು ಮಾತ್ರ ಹತ್ತುವುದಿಲ್ಲ. ಈ ಹಾಸ್ಯದ ಗುಟ್ಟೆಲ್ಲ ಆ ಕೋಲಿನಲ್ಲೇ ಇದೆ: ಸದ್ದು ಜನರಿಗೆ ಮುಟ್ಟಬೇಕು, ನೋವು ಯಾರಿಗೂ ಮುಟ್ಟಬಾರದು. ನಮ್ಮ ಭರತನ ನಾಟ್ಯಶಾಸ್ತ್ರವೂ ವಿದೂಷಕನ ಕೈಗೆ ‘ಕುಟಿಲಕ’ ಎಂಬ ಸೊಟ್ಟ ಕೋಲು ಕೊಟ್ಟಿದೆ. ಚಾಪ್ಲಿನ್ನನ ಕೈಯಲ್ಲಿದ್ದ ಬೆತ್ತವನ್ನು ನೆನೆಸಿಕೊಳ್ಳಿ. ದೇಶ ಬೇರೆ, ಕಾಲ ಬೇರೆ. ನಗಿಸುವವನ ಕೈಗೆ ಎಲ್ಲರೂ ಒಂದು ಕೋಲನ್ನೇ ಕೊಟ್ಟರು.

ಪರದೆಯೂ ನಮಗೆ ಹೊಸದಲ್ಲ. ತೊಗಲುಗೊಂಬೆಯ ಆಟದಲ್ಲಿ ಬಿಳಿ ಬಟ್ಟೆಯ ಹಿಂದೆ ದೀಪ, ದೀಪದ ಮುಂದೆ ರಾಮ, ಲಕ್ಷ್ಮಣ, ರಾವಣ. ಅವರ ನಡುವೆ ಕಿಳ್ಳೇಕ್ಯಾತನೂ ಬಂಗಾರಕ್ಕನೂ ನುಗ್ಗುತ್ತಾರೆ. ಕಿಳ್ಳೇಕ್ಯಾತನ ಮೈ ಕಪ್ಪು, ಹೊಟ್ಟೆ ಡೊಳ್ಳು, ಕೈಕಾಲು ಎತ್ತೆತ್ತಲೋ ಹೋಗುತ್ತವೆ. ಅವರು ಬೈದಾಡುತ್ತಾರೆ, ಬಡಿದಾಡುತ್ತಾರೆ, ಬೀಳುತ್ತಾರೆ, ಏಳುತ್ತಾರೆ. ಬೆಳಕು, ಬಟ್ಟೆ, ನೆರಳು, ಬಿದ್ದೆದ್ದು ನಗಿಸುವ ಜೋಡಿ: ಮೂಕಚಿತ್ರದ ಸಲಕರಣೆಯೆಲ್ಲ ಇಲ್ಲಿತ್ತು. ಇಲ್ಲದಿದ್ದುದು ಅದನ್ನು ಹಿಡಿದಿಡುವ ಯಂತ್ರ ಒಂದೇ.

3

1912ರಲ್ಲಿ ಮ್ಯಾಕ್ ಸೆನೆಟ್ ಎಂಬಾತ ಅಮೆರಿಕದಲ್ಲಿ ಕೀಸ್ಟೋನ್ ಕಂಪನಿ ಕಟ್ಟಿದ. ಒಂದು ರೀಲು ಎಂದರೆ ಸುಮಾರು ಸಾವಿರ ಅಡಿ ಫಿಲ್ಮು, ಹತ್ತು ಹದಿನೈದು ನಿಮಿಷದ ಆಟ. ಕ್ಯಾಮರಾವನ್ನು ಕೈಯಿಂದ ತಿರುಗಿಸುತ್ತಿದ್ದರು. ತೆಗೆಯುವಾಗ ನಿಧಾನ ತಿರುಗಿಸಿ ತೋರಿಸುವಾಗ ಬೇಗ ತಿರುಗಿಸಿದರೆ ಪರದೆಯ ಮೇಲಿನ ಮನುಷ್ಯ ದಿಗಿಲುಬಿದ್ದ ಕೋಳಿಯಂತೆ ಓಡಾಡುತ್ತಾನೆ. ಆ ಓಟ, ಆ ಗುದ್ದಾಟ, ಒಬ್ಬರ ಮೇಲೊಬ್ಬರು ಬೀಳುವ ಪೊಲೀಸರ ಹಿಂಡು ಜಗತ್ತನ್ನೇ ನಗಿಸಿದವು. ಕಥೆ ಬರೆದಿಟ್ಟುಕೊಳ್ಳುವ ಪದ್ಧತಿ ಅಲ್ಲಿ ಕಡಿಮೆ. ಒಂದು ಜಾಗ, ಒಂದು ಸಂದರ್ಭ, ನಾಲ್ಕು ಜನ ನಟರು. ಉಳಿದದ್ದು ಆ ಹೊತ್ತಿಗೆ ಹೊಳೆದಂತೆ.

ಆ ಕಂಪನಿಗೆ ಚಾಪ್ಲಿನ್ ಸೇರಿದ. ಜೋಲು ಪ್ಯಾಂಟು, ಬಿಗಿಯಾದ ಕೋಟು, ಚಿಕ್ಕ ಮೀಸೆ, ಬೆತ್ತ ಹಿಡಿದು ಅವನು ಜನರಿಗೆ ಮೊದಲು ಕಾಣಿಸಿದ್ದು 1914ರ ಫೆಬ್ರುವರಿ 7ರಂದು ಬಿಡುಗಡೆಯಾದ ‘ಕಿಡ್ ಆಟೋ ರೇಸಸ್ ಅಟ್ ವೆನಿಸ್’ ಎಂಬ ಪುಟ್ಟ ಚಿತ್ರದಲ್ಲಿ. ಕ್ಯಾಲಿಫೋರ್ನಿಯಾದ ವೆನಿಸ್ ಎಂಬ ಊರಿನಲ್ಲಿ ಹುಡುಗರ ಗಾಡಿ ಓಟ ನಡೆದಿದೆ. ಓಟ ನಿಜದ್ದು, ರಸ್ತೆಯ ಎರಡೂ ಬದಿ ನಿಂತ ಜನವೂ ನಿಜದ ಜನ. ಕ್ಯಾಮರಾದವರು ಓಟ ತೆಗೆಯುತ್ತಿದ್ದಾರೆ. ಜನರ ನಡುವಿನಿಂದ ಒಬ್ಬ ಬಂದು ಕ್ಯಾಮರಾಕ್ಕೆ ಅಡ್ಡ ನಿಲ್ಲುತ್ತಾನೆ. ದೂಡುತ್ತಾರೆ, ಹೋಗುತ್ತಾನೆ. ಇನ್ನೊಂದು ಬದಿಯಿಂದ, ಏನೂ ತಿಳಿಯದವನಂತೆ ನಡೆದು ಬಂದು ಮತ್ತೆ ಅಡ್ಡ ನಿಲ್ಲುತ್ತಾನೆ. ಕತ್ತು ಹಿಡಿದು ನೂಕಿದರೆ ನೆಲಕ್ಕೆ ಬೀಳುತ್ತಾನೆ, ಎದ್ದು ಬೆತ್ತ ಸರಿಮಾಡಿಕೊಂಡು ಮತ್ತೆ ಬರುತ್ತಾನೆ. ಬಂದು ನೇರ ಕ್ಯಾಮರಾದ ಕಣ್ಣಿಗೆ ಕಣ್ಣಿಟ್ಟು ನೋಡುತ್ತಾನೆ. ಹಿಂದೆ ನಿಂತ ಜನರಿಗೆ ಇವನು ಯಾರೆಂದು ತಿಳಿಯದು. ನೋಡುನೋಡುತ್ತ ಅವರ ಮುಖದ ಮೇಲೆ ನಗೆ ಮೂಡುವುದು ಫಿಲ್ಮಿನಲ್ಲಿ ಕಾಣುತ್ತದೆ.

ಈಗ ನಮ್ಮ ಅಂಗಳಕ್ಕೆ ಬನ್ನಿ. ನಕಲಿ ರಂಗದ ಹಿಂದಿನಿಂದ ಬರುವುದು ಕಡಿಮೆ. ಅವನು ಜನರ ನಡುವಿನಿಂದ ಬರುತ್ತಾನೆ. ಕೂತವರ ಕಾಲು ತುಳಿಯುತ್ತ, ಒಬ್ಬರ ತಂಬಾಕಿನ ಚೀಲಕ್ಕೆ ಕೈ ಹಾಕುತ್ತ, ಹಾಡುತ್ತಿರುವ ಭಾಗವತನ ಎದುರಿಗೇ ಬಂದು ನಿಲ್ಲುತ್ತಾನೆ. ‘ಏ ಯಾರಪಾ ನೀ, ಸರೀ ಅತ್ಲಾಗ’ ಎಂದು ಭಾಗವತ ಗದರಿಸಿದರೆ ಎರಡು ಹೆಜ್ಜೆ ಸರಿದು ಮತ್ತೆ ಅಲ್ಲೇ ನಿಲ್ಲುತ್ತಾನೆ. ದೇವರ ಕಥೆ ನಡೆಯುವಲ್ಲಿ ಕರೆಯದೆ ಬಂದ ಮನುಷ್ಯ ಅವನು. ದೊಡ್ಡವರ ಚಿತ್ರದಲ್ಲಿ ತನಗೂ ಒಂದು ಮೂಲೆ ಬೇಕೆಂದು ಹಟ ಹಿಡಿದ ಬಡವ ಚಾಪ್ಲಿನ್. ಬಿದ್ದ ಮೇಲೆ ಇಬ್ಬರೂ ನಮ್ಮನ್ನು ನೋಡುವುದು ಏಕೆ? ‘ನೀವೂ ಬಿದ್ದವರೇ ಅಲ್ಲವೇ’ ಎಂದು ಕೇಳಲು. ಆ ನೋಟಕ್ಕೆ ಉತ್ತರವಾಗಿ ಬರುವ ನಗೆಯಲ್ಲಿ ಮಮತೆಯಿದೆ. ಅಜ್ಜಿ ಹೊಟ್ಟೆ ಹಿಡಿದು ನಕ್ಕದ್ದು ಆ ನಗೆಯನ್ನು.

4

ಬೀಳುವುದು ಕಲಿತು ಬರುವ ವಿದ್ಯೆ. ಚಾಪ್ಲಿನ್ ಲಂಡನ್ನಿನ ಬಡತನದಲ್ಲಿ ಬೆಳೆದವನು, ಏಳನೆಯ ವಯಸ್ಸಿಗೆ ನಿರ್ಗತಿಕರ ದುಡಿಮೆಮನೆ ಕಂಡವನು. ಫ್ರೆಡ್ ಕಾರ್ನೋ ಎಂಬವನ ನಾಟಕ ಕಂಪನಿಯಲ್ಲಿ ವರ್ಷಗಟ್ಟಲೆ ಊರೂರು ಸುತ್ತಿ ಮೈ ಪಳಗಿಸಿಕೊಂಡು ಸಿನೆಮಾಕ್ಕೆ ಬಂದ. 1916ರ ಅವನ ‘ಒನ್ ಎ.ಎಂ.’ ಚಿತ್ರ ನೋಡಿ: ಕುಡಿದು ಮನೆಗೆ ಬಂದವನೊಬ್ಬ ಮೆಟ್ಟಿಲು ಹತ್ತಿ ಹಾಸಿಗೆ ಸೇರಬೇಕು, ಅಷ್ಟೇ ಕಥೆ. ಹೆಚ್ಚುಕಡಿಮೆ ಇಡೀ ಚಿತ್ರದಲ್ಲಿ ಅವನೊಬ್ಬನೇ. ಮೆಟ್ಟಿಲು ಅವನನ್ನು ಮತ್ತೆ ಮತ್ತೆ ಕೆಳಗಿಳಿಸುತ್ತದೆ, ಮಡಿಸುವ ಮಂಚ ಅವನೊಡನೆ ಕುಸ್ತಿ ಹಿಡಿಯುತ್ತದೆ. ಸಾಮಾನು ಸರಂಜಾಮೆಲ್ಲ ಅವನ ಎದುರು ಜೀವ ತಾಳುತ್ತವೆ.

ಬಸ್ಟರ್ ಕೀಟನ್ ಹುಟ್ಟಿದ್ದು 1895ರಲ್ಲಿ, ಸಿನೆಮಾ ಜನರೆದುರು ಬಂದ ವರ್ಷವೇ. ತಂದೆ ತಾಯಿ ರಂಗದ ಮೇಲೆ ಆಟ ಕಟ್ಟುವವರು. ಮಗನ ಅಂಗಿಗೆ ಪೆಟ್ಟಿಗೆಯ ಹಿಡಿಕೆ ಹೊಲಿದು, ಅದನ್ನೇ ಹಿಡಿದು ತಂದೆ ಅವನನ್ನು ರಂಗದ ಈ ತುದಿಯಿಂದ ಆ ತುದಿಗೆ ಎಸೆಯುತ್ತಿದ್ದ. ಬಿದ್ದವನು ನಕ್ಕರೆ ಜನ ನಗುವುದಿಲ್ಲ ಎಂಬುದನ್ನು ಆ ಹುಡುಗ ಆಗಲೇ ಕಂಡುಕೊಂಡ. ತನ್ನ ಹೆಸರಾಂತ ಚಿತ್ರಗಳಲ್ಲಿ ಅವನು ಮುಖ ಸಡಿಲಿಸಲಿಲ್ಲ. 1924ರ ‘ಷರ್ಲಾಕ್ ಜೂನಿಯರ್’ ತೆಗೆಯುವಾಗ ರೈಲಿನ ನೀರಿನ ತೊಟ್ಟಿಯ ಧಾರೆ ಮೇಲೆ ಬಿದ್ದು ಅವನ ಕುತ್ತಿಗೆಯ ಮೂಳೆ ಬಿರುಕುಬಿಟ್ಟಿತ್ತು. ಅದು ಬೆಳಕಿಗೆ ಬಂದದ್ದು ಎಷ್ಟೋ ವರ್ಷಗಳ ನಂತರ. ಹೆರಾಲ್ಡ್ ಲಾಯ್ಡ್ 1919ರಲ್ಲಿ ಫೋಟೋಕ್ಕೆಂದು ಹಿಡಿದ ಬಾಂಬು ಸಿಡಿದು ಬಲಗೈಯ ಹೆಬ್ಬೆರಳು, ತೋರುಬೆರಳು ಕಳೆದುಕೊಂಡ. 1923ರ ‘ಸೇಫ್ಟಿ ಲಾಸ್ಟ್’ ಚಿತ್ರದಲ್ಲಿ ಎತ್ತರದ ಕಟ್ಟಡದ ಗಡಿಯಾರದ ಮುಳ್ಳಿಗೆ ಜೋತುಬಿದ್ದದ್ದು ಅದೇ ಕೈಗಳಿಂದ. ನಮ್ಮನ್ನು ನಗಿಸಿದವರು ಕೊಟ್ಟ ಬೆಲೆ ಇದು.

ಇಲ್ಲಿಯೂ ಈ ವಿದ್ಯೆಗೆ ಶಾಲೆ ಇತ್ತು. ನಮ್ಮ ಊರುಗಳ ಗರಡಿಮನೆಯೇ ಆ ಶಾಲೆ. ಎದುರಾಳಿಯನ್ನು ಚಿತ್ ಮಾಡುವುದಕ್ಕೂ ಮೊದಲು ಪೈಲ್ವಾನ ಕಲಿಯುವುದು ತಾನು ಬೀಳುವುದನ್ನು. ಹಲವು ವರ್ಷಗಳ ಹಿಂದೆ, ನಕಲಿ ಮಾಡಿ ಮುಪ್ಪಾದ ಒಬ್ಬ ಕಲಾವಿದರ ಮನೆಯ ಪಡಸಾಲೆಯಲ್ಲಿ ಕೂತು ಈ ಮಾತು ಕೇಳಿದ್ದೆ. ಹರೆಯದಲ್ಲಿ ಗರಡಿಯ ಕೆಮ್ಮಣ್ಣಿನಲ್ಲಿ ಮೈ ಹದಮಾಡಿಕೊಂಡವರು. ಎಪ್ಪತ್ತು ದಾಟಿದ್ದರೂ ಎದ್ದು ನಿಂತು, ಧೋತರದ ಕಚ್ಚೆ ಬಿಗಿದು, ಗೋಣಿಚೀಲದ ಮೇಲೆ ಬಿದ್ದು ತೋರಿಸಿದರು. ‘ಮೊದಲ ತೊಡಿ, ಆಮ್ಯಾಲ ಪಕ್ಕಡಿ, ಕಡೀಕ ಹೆಗಲ. ತಲಿ ಮಾತ್ರ ನೆಲಕ್ಕ ತಾಗಬಾರದು ನೋಡ್ರಿ’ ಎಂದರು. ನಾನು ಹೆದರಿ ಕೈ ಕೊಡಲು ಹೋದೆ. ಅವರು ಏಳಲಿಲ್ಲ. ಮಲಗಿದಲ್ಲಿಂದಲೇ ಕುತ್ತಿಗೆ ಹೊರಳಿಸಿ ನನ್ನನ್ನು ನೋಡಿದರು. ನಲವತ್ತು ವರ್ಷದ ಹಿಂದಿನ ಆ ಜಾತ್ರೆಯ ರಾತ್ರಿ ಆ ಪಡಸಾಲೆಗೆ ಮರಳಿ ಬಂತು. ನಾನು ನಕ್ಕೆ, ಕಣ್ಣಲ್ಲಿ ನೀರೂ ಬಂತು.

5

ಈ ಹಾಸ್ಯದಲ್ಲಿ ಬೀಳುವವರು ಯಾರು ಎಂಬ ಪ್ರಶ್ನೆ ದೊಡ್ಡದು. 1917ರ ‘ಈಸಿ ಸ್ಟ್ರೀಟ್’ ಚಿತ್ರದಲ್ಲಿ ಒಂದು ಓಣಿಯನ್ನೇ ನಡುಗಿಸಿದ ದಾಂಡಿಗನಿದ್ದಾನೆ. ತನ್ನ ಬಲ ತೋರಿಸಲು ಅವನು ಬೀದಿಯ ಗ್ಯಾಸ್ ದೀಪದ ಕಂಬವನ್ನೇ ಬಾಗಿಸುತ್ತಾನೆ. ಹೊಸದಾಗಿ ಪೊಲೀಸು ಸೇರಿದ ಪೀಚು ಚಾಪ್ಲಿನ್ ಅವನ ಬೆನ್ನೇರಿ, ಬಾಗಿದ ದೀಪದೊಳಗೆ ಅವನ ತಲೆಯನ್ನೇ ತೂರಿಸಿ ಗ್ಯಾಸು ಬಿಡುತ್ತಾನೆ. ದಾಂಡಿಗ ಬಿದ್ದದ್ದು ತನ್ನ ಬಲದಿಂದಲೇ. ನಮ್ಮ ನಕಲಿಯೂ ಹೀಗೆಯೇ ಊರಗೌಡನ ನಡಿಗೆ ನಡೆಯುತ್ತಾನೆ, ಸಾಹುಕಾರನ ಹೊಟ್ಟೆ ಕಟ್ಟಿಕೊಳ್ಳುತ್ತಾನೆ, ಅಂಗಳದಲ್ಲಿ ಆ ಗತ್ತನ್ನು ಜಾರಿಸಿ ಬೀಳಿಸುತ್ತಾನೆ. ಮುಂದಿನ ಸಾಲಿನಲ್ಲಿ ಕೂತ ಗೌಡನೂ ನಗಬೇಕು. ಹಗಲಲ್ಲಿ ಆಡಲಾಗದ ಮಾತನ್ನು ರಾತ್ರಿ ಮೈಯಿಂದ ಆಡುವ ಅಧಿಕಾರವನ್ನು ಊರು ಅವನೊಬ್ಬನಿಗೆ ಕೊಟ್ಟಿತ್ತು.

ಆದರೆ ಎಲ್ಲ ನಗೆಯೂ ಈ ಎತ್ತರದ್ದಲ್ಲ. ಆ ಕಾಲದ ಮೂಕಚಿತ್ರಗಳಲ್ಲಿ ಕರಿಯರನ್ನು, ವಲಸೆ ಬಂದವರನ್ನು, ದಪ್ಪ ಮೈಯವರನ್ನು ಹೀಯಾಳಿಸಿ ನಗಿಸಿದ್ದು ಬಹಳವಿದೆ. ನಮ್ಮ ಆಟಗಳಲ್ಲಿಯೂ ತೊದಲುವವರನ್ನು, ಕುಂಟುವವರನ್ನು, ಕೆಳಗೆ ತಳ್ಳಲ್ಪಟ್ಟ ಜಾತಿಯವರ ಮಾತನ್ನು, ಹೆಂಗಸರನ್ನು ಆಡಿಕೊಂಡು ಚಪ್ಪಾಳೆ ಗಿಟ್ಟಿಸಿದ್ದಿದೆ. ಇದನ್ನು ನಾವು ಒಪ್ಪಿಕೊಳ್ಳಬೇಕು. ಎರಡರ ನಡುವಿನ ಗೆರೆಯನ್ನು ಅದೇ ನೋಟ ಎಳೆಯುತ್ತದೆ. ತಾನು ಬಿದ್ದು ನಮ್ಮನ್ನು ನೋಡುವವನು ಕಲಾವಿದ. ಮೊದಲೇ ಬಿದ್ದವನನ್ನು ಬೆರಳಿಟ್ಟು ತೋರಿಸುವವನಿಗೆ ಆ ಹೆಸರು ಸಲ್ಲದು.

6

ಮೂಕಚಿತ್ರ, ಆಟ ಎಂಬ ಈ ಎರಡು ಹೊಳೆ ನಮ್ಮ ನಾಡಿನಲ್ಲಿ ಕೂಡಿದ್ದೂ ಉಂಟು. 1896ರ ಜುಲೈ 7ರಂದು ಲ್ಯೂಮಿಯೇರ್ ಚಿತ್ರಗಳು ಮುಂಬಯಿಗೆ ಬಂದವು. 1913ರ ಮೇ 3ರಂದು ದಾದಾಸಾಹೇಬ ಫಾಲ್ಕೆಯವರ ‘ರಾಜಾ ಹರಿಶ್ಚಂದ್ರ’ ಮುಂಬಯಿಯಲ್ಲಿ ತೆರೆಕಂಡಿತು. ಫಾಲ್ಕೆಯವರ 1919ರ ‘ಕಾಲಿಯ ಮರ್ದನ’ದಲ್ಲಿ ಅವರ ಪುಟ್ಟ ಮಗಳು ಮಂದಾಕಿನಿ ಬಾಲಕೃಷ್ಣ. ಅದರ ಮೊದಲ ಭಾಗ ಪೂರ್ತಿ ಚೇಷ್ಟೆ. ಬೆಣ್ಣೆಯ ಕಳವು, ನೀರೆರಚಿದವಳ ಮೇಲೆ ಹುಡುಗರ ಸೇಡು, ಮಲಗಿದ ಗಂಡನ ಗಡ್ಡಕ್ಕೂ ಹೆಂಡತಿಯ ಕೂದಲಿಗೂ ಗಂಟು. ಕಾಳಿಂಗನ ಹೆಡೆ ಮೆಟ್ಟುವ ದೇವರಿಗೂ ಮೊದಲು ತುಂಟ ಹುಡುಗನನ್ನು ಕಾಣಿಸಿದರು. ದೇವರನ್ನು ನಗೆಯ ಬಾಗಿಲಿನಿಂದ ಕರೆತರುವ ಈ ರೀತಿ ಪಾರಿಜಾತ ನೋಡಿ ಬೆಳೆದ ನಮಗೆ ಬಿಡಿಸಿ ಹೇಳಬೇಕಾದದ್ದಲ್ಲ.

ಹುಕ್ಕೇರಿ, ಸಂಕೇಶ್ವರ ಬಿಟ್ಟು ನಿಪ್ಪಾಣಿ ದಾಟಿದರೆ ಕೊಲ್ಲಾಪುರ. ಬಾಬುರಾವ ಪೇಂಟರ್ ಅಲ್ಲಿ ತಾವೇ ಕ್ಯಾಮರಾ ಕಟ್ಟಿ ಮೂಕಚಿತ್ರ ತೆಗೆದರು. 1934ರ ಮಾರ್ಚ್ 3ರಂದು ಬಿಡುಗಡೆಯಾದ ಕನ್ನಡದ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನಾ’ ತಯಾರಾದದ್ದೂ ಕೊಲ್ಲಾಪುರದ ಛತ್ರಪತಿ ಸ್ಟುಡಿಯೋದಲ್ಲಿ. ಅತ್ತ ದಕ್ಷಿಣದಲ್ಲಿ ಗುಬ್ಬಿ ವೀರಣ್ಣನವರು ‘ಸದಾರಮೆ’ಯ ಕಳ್ಳನ ಪಾತ್ರದಿಂದ ನಾಡನ್ನೇ ನಗಿಸಿ, ಮೂಕಚಿತ್ರಕ್ಕೂ ಕೈ ಹಾಕಿದರು. ಅವರ ಕಂಪನಿಯ ‘ಬೇಡರ ಕಣ್ಣಪ್ಪ’ 1954ರಲ್ಲಿ ನರಸಿಂಹರಾಜು ಅವರನ್ನು ತೆರೆಗೆ ತಂದಿತು. ಅವರು ಮಾತಿಗೆ ಬಾಯಿ ತೆರೆಯುವ ಮೊದಲೇ, ಆ ಕಡ್ಡಿಯಂಥ ಮೈ ಬಾಗಿಲಲ್ಲಿ ಕಂಡರೆ ಸಾಕು, ಟೂರಿಂಗ್ ಟಾಕೀಸಿನ ಡೇರೆ ನಗುತ್ತಿತ್ತು. ಇನ್ನು ನಮ್ಮ ಹುಕ್ಕೇರಿ ತಾಲೂಕಿನ ಘೋಡಗೇರಿಯ ಚಂದ್ರಶೇಖರ ಕಂಬಾರರು ಈ ಸೀಮೆಯ ಆಟದ ಸತ್ವವನ್ನು ‘ಜೋಕುಮಾರಸ್ವಾಮಿ’ಯಂಥ ನಾಟಕಗಳಿಗೆ ತುಂಬಿ, ಹಿಮ್ಮೇಳ ಮತ್ತು ಸೂತ್ರಧಾರನ ತುಂಟತನವನ್ನು ದೇಶದ ರಂಗಭೂಮಿಗೆ ಪರಿಚಯಿಸಿದರು.

7

ಇಷ್ಟೆಲ್ಲ ಹೇಳಿದ್ದು ಒಂದು ಕಳಕಳಿಯ ಮಾತಿಗೆ ಬರಲು. ಅಚ್ಚಾದ ಸಣ್ಣಾಟದ ಪುಸ್ತಕ ತೆಗೆದು ನೋಡಿ. ಸತ್ಯಭಾಮೆಯ ಪದಗಳಿವೆ, ಕೃಷ್ಣನ ಮಾತಿದೆ. ನಕಲಿ ಮಾಡಿದ್ದು ಅಲ್ಲಿ ಇಲ್ಲ. ಅವನು ಬರೆದುಕೊಂಡು ಬಂದವನಲ್ಲ, ಬರೆದುಕೊಳ್ಳುವಂಥದ್ದನ್ನು ಮಾಡಿದವನೂ ಅಲ್ಲ. ‘ಇಲ್ಲಿ ಜಾರಿ ಬಿದ್ದ’ ಎಂದು ಬರೆದರೆ ಅದರಲ್ಲಿ ಕಾಣದ ಕೊಡ ಬರುವುದಿಲ್ಲ, ದಪ್ಪಿನ ಧಡ್ ಬರುವುದಿಲ್ಲ, ಆ ನೋಟ ಬರುವುದಿಲ್ಲ. ಹಾಡು ಬಾಯಿಂದ ಬಾಯಿಗೆ ಉಳಿದೀತು. ಬೀಳುವ ವಿದ್ಯೆ ಮೈಯಿಂದ ಮೈಗೇ ದಾಟಬೇಕು. ಮೈ ಮಣ್ಣಾದರೆ ಅದೂ ಮಣ್ಣಾಗುತ್ತದೆ.

ಚಾಪ್ಲಿನ್ನನ ಆಟಕ್ಕೂ ಪುಸ್ತಕವಿರಲಿಲ್ಲ. ಅವನ ಮೈಯ ಬರಹವನ್ನು ಫಿಲ್ಮು ಹಿಡಿದಿಟ್ಟಿತು; ಅದಕ್ಕೇ ಅವನು ಇಂದಿಗೂ ನಮ್ಮ ಮಕ್ಕಳನ್ನು ನಗಿಸುತ್ತಾನೆ. ಆದರೆ ಫಿಲ್ಮಿಗೂ ಕಾಪಾಡುವ ಕೈ ಬೇಕು. ಅಂದಿನ ಫಿಲ್ಮು ಬೇಗ ಬೆಂಕಿ ಹಿಡಿಯುವಂಥದ್ದು, ತಂತಾನೇ ಕೊಳೆಯುವಂಥದ್ದು. ಅದರಲ್ಲಿನ ಬೆಳ್ಳಿಗಾಗಿ ಕರಗಿಸಿದ್ದೂ ಉಂಟು. ಭಾರತದಲ್ಲಿ ತಯಾರಾದ ಸಾವಿರಕ್ಕೂ ಹೆಚ್ಚು ಮೂಕಚಿತ್ರಗಳಲ್ಲಿ ಉಳಿದದ್ದು ತೀರ ಕಡಿಮೆ. ‘ಸತಿ ಸುಲೋಚನಾ’ದ ಪ್ರತಿಯೂ ಇಲ್ಲ. 1964ರಲ್ಲಿ ಪುಣೆಯಲ್ಲಿ ಹುಟ್ಟಿದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವನ್ನು ಕಟ್ಟಿದ ಪಿ.ಕೆ. ನಾಯರ್ ಅವರು ಊರೂರು ಅಲೆದು ಹುಡುಕಿದ್ದರಿಂದಲೇ ಮಂದಾಕಿನಿಯ ಆ ತುಂಟ ಕಣ್ಣು ನಮಗೆ ಇಂದು ಕಾಣುತ್ತಿದೆ.

ಅಂಥ ಹುಡುಕಾಟ ಈಗ ನಮ್ಮ ಪಾಲಿನ ಕೆಲಸ. ಗೋಕಾಕ, ಮೂಡಲಗಿ, ಹುಕ್ಕೇರಿ ತಾಲೂಕುಗಳಲ್ಲಿ ನಕಲಿ ಮಾಡಿದ ಹಿರಿಯರು ಇನ್ನೂ ಇದ್ದಾರೆ. ಇಲ್ಲಿ ಕೂತಿರುವ ಪ್ರತಿ ವಿದ್ಯಾರ್ಥಿಯ ಕಿಸೆಯಲ್ಲಿ ಕ್ಯಾಮರಾ ಇದೆ; ಲ್ಯೂಮಿಯೇರರ ಯಂತ್ರಕ್ಕಿಂತ ಅದು ಬಲುಮಟ್ಟಿಗೆ ಸಮರ್ಥವಾದದ್ದು. ನಿಮ್ಮ ಊರಿನ ಒಬ್ಬ ನಕಲಿಯ ಮನೆಗೆ ಹೋಗಿ. ಪದ ಹಾಡಿರಿ ಎಂದು ಕೇಳುವ ಮೊದಲು, ಹೇಗೆ ನಡೆದು ಬರುತ್ತಿದ್ದಿರಿ, ಹೇಗೆ ಬೀಳುತ್ತಿದ್ದಿರಿ, ಬಿದ್ದ ಮೇಲೆ ಎಷ್ಟೊತ್ತು ತಡೆದು ಜನರನ್ನು ನೋಡುತ್ತಿದ್ದಿರಿ ಎಂದು ಕೇಳಿ. ಮುಖ ಮಾತ್ರ ಹಿಡಿಯಬೇಡಿ, ದೂರ ನಿಂತು ಇಡೀ ಮೈ ಕಾಣುವಂತೆ ಹಿಡಿಯಿರಿ. ದಪ್ಪಿನವರು ಪಕ್ಕದಲ್ಲಿರಲಿ. ಅವರ ಹೆಸರು, ಊರು, ಕಲಿಸಿದ ಗುರುವಿನ ಹೆಸರು ಬರೆದಿಡಿ. ಮುಂದಿನ ವರ್ಷದ ದತ್ತಿ ಉಪನ್ಯಾಸಕ್ಕೆ ಬರುವವರ ಕೈಯಲ್ಲಿ ಹತ್ತು ಜನರ ಹತ್ತು ನಿಮಿಷ ಇದ್ದರೆ, ಈ ದತ್ತಿ ಯಾರ ನೆನಪಿಗಿದೆಯೋ ಆ ಹಿರಿಯರಿಗೆ ಅದಕ್ಕಿಂತ ದೊಡ್ಡ ಗೌರವ ನನಗೆ ಹೊಳೆಯದು.

ಪಡಸಾಲೆಯಲ್ಲಿ ಬಿದ್ದು ತೋರಿಸಿದ ಆ ಹಿರಿಯರು ಈಗಿಲ್ಲ. ಅಂದು ನನ್ನ ಕೈಯಲ್ಲಿ ಪೆನ್ನಿತ್ತು, ಪುಸ್ತಕವಿತ್ತು; ಕ್ಯಾಮರಾ ಇರಲಿಲ್ಲ. ತೊಡೆ, ಪಕ್ಕಡಿ, ಹೆಗಲು ಎಂಬ ಮೂರು ಮಾತು ನನ್ನ ಪುಸ್ತಕದಲ್ಲಿ ಇವೆ. ಆ ನೋಟ ನನ್ನ ಕಣ್ಣಿನಲ್ಲಿ ಮಾತ್ರ ಇದೆ, ಅದನ್ನು ನಿಮಗೆ ತೋರಿಸಲಾರೆ. ಇನ್ನೊಬ್ಬರು ಇದೇ ಮಾತು ಹೇಳುವಂತಾಗುವುದು ಬೇಡ.